ನೀನು ಕೂರದೆ ಬಿಟ್ಟ ಕುರ್ಚಿ

ಹೇವರ್ಟನ್, ಬೇಕರಿಯ ಮೇಲಿನ ಕೋಣೆ
ಸೋಮವಾರ, ಏಪ್ರಿಲ್ 23, 1979

ಪ್ರೀತಿಯ ಮಾಲ್ಚಿ,

ಹೇಗಿದ್ದೀಯ? ಹೊಟ್ಟೆಯ ಹುಣ್ಣು ಈಗ ಹೇಗಿದೆ? ಡಾಕ್ಟರು ಕೊಟ್ಟ ಬಿಳಿ ಔಷಧಿಯನ್ನು ಊಟಕ್ಕೆ ಮುಂಚೆ ಕುಡಿಯುತ್ತಿದ್ದೀಯೋ, ಇಲ್ಲ ಕಡತಗಳ ಹಿಂದೆಲ್ಲೋ ಇಟ್ಟು ಮರೆತಿದ್ದೀಯೋ? ಕಾಫಿ ಬಿಡು ಅಂದಿದ್ದೆ, ನೀನು ಬಿಟ್ಟಿರಲಾರೆ. ನನ್ನ ಮಂಡಿನೋವು ಹಾಗೇ ಇದೆ. ಇಲ್ಲಿ ಹದಿನೆಂಟು ಮೆಟ್ಟಿಲು, ಕಂಬಿ ಹಿಡಿದು ಒಂದೊಂದೇ ಇಳಿಯುತ್ತೇನೆ. ಬೆಳಗಾದರೆ ಕೆಳಗಿನಿಂದ ಬ್ರೆಡ್ಡಿನ ವಾಸನೆ ಬರುತ್ತದೆ, ಅದೊಂದು ಸುಖ. ಆರೋಗ್ಯದ ಮಾತು ಇಲ್ಲಿಗೆ ಮುಗಿಯಿತು. ಮುಂದಿನದನ್ನು ನಿಂತುಕೊಂಡು ಓದಬೇಡ, ಕೂತು ಓದು. ಕೂರುವುದು ನಿನಗೆ ಬರುತ್ತದೆ ಎಂದೇ ನಾನು ಇಷ್ಟು ವರ್ಷ ನಂಬಿದ್ದೆ.

ನನಗೆ ನಿನ್ನ ಮೇಲೆ ಸಿಟ್ಟು ಬಂದಿದೆ. ಜನವರಿಯಲ್ಲಿ ಬಂದದ್ದು, ಇನ್ನೂ ಇಳಿದಿಲ್ಲ. ಈ ಪತ್ರವನ್ನು ಮೂರು ಸಲ ಶುರು ಮಾಡಿ ಮೂರು ಸಲ ಹರಿದು ಹಾಕಿದೆ. ಒಂದರಲ್ಲಿ ಅತ್ತಿದ್ದೆ, ಅದು ನನಗೇ ಹಿಡಿಸಲಿಲ್ಲ. ಇನ್ನೊಂದರಲ್ಲಿ ನಿನ್ನನ್ನು ಬಹುವಚನದಲ್ಲಿ ಕರೆದಿದ್ದೆ, ‘ಮಾನ್ಯ ನ್ಯಾಯಮೂರ್ತಿಗಳೇ’ ಅಂತ. ಅದನ್ನು ಹರಿಯುವಾಗ ಮಾತ್ರ ಸ್ವಲ್ಪ ಬೇಸರವಾಯಿತು, ಚೆನ್ನಾಗಿ ಬರೆದಿದ್ದೆ.

ಎರಡು ಸಾಲು, ಮಾಲ್ಚಿ. ನಲವತ್ತು ಮನೆಗಳಿಗೆ ಎರಡೇ ಸಾಲಿನ ತೀರ್ಪು. ನಮ್ಮ ವಕೀಲ ನಿಸ್ಕಾ ಅದನ್ನು ಯೂನಿಯನ್ ಹಾಲಿನಲ್ಲಿ ಎಲ್ಲರ ಮುಂದೆ ಓದಿದನಂತೆ. ಪೀಠದಲ್ಲಿ ಮೂವರು ಒಂದು ಕಡೆ, ಮೂವರು ಇನ್ನೊಂದು ಕಡೆ. ಸರಿಸಮವಾದ್ದರಿಂದ ಕೆಳಗಿನ ಕೋರ್ಟು ಗಣಿ ಕಂಪನಿಗೆ ಕೊಟ್ಟ ತೀರ್ಪೇ ಊರ್ಜಿತ. ಯಾಕೆ ಏನು ಎಂಬ ಒಂದು ಮಾತಿಲ್ಲ. ಜೂನ್ ಕೊನೆಯೊಳಗೆ ನಮ್ಮ ಮನೆಗಳ ಸಾಲು, ಆ ಉತ್ತರ ಲೈನು, ಖಾಲಿಯಾಗಬೇಕು, ಆಮೇಲೆ ಗಣಿಯ ಬಾಯಿ ಅಷ್ಟು ದೂರ ಅಗಲವಾಗುತ್ತದೆ. ‘ಓದಿದನಂತೆ’ ಎಂದು ಬರೆದೆ ನೋಡು, ಯಾಕೆಂದರೆ ಆ ದಿನ ನಾನು ಹಾಲಿನಲ್ಲಿರಲಿಲ್ಲ. ಯಾಕಿರಲಿಲ್ಲ ಎಂಬುದು ಲೋಕದಲ್ಲಿ ಇಬ್ಬರಿಗೇ ಗೊತ್ತಿತ್ತು, ನಿನಗೆ ಮತ್ತು ನನಗೆ.

ನಿನ್ನನ್ನು ಆ ಕುರ್ಚಿಯ ತನಕ ಮುಟ್ಟಿಸಿದವರು ಯಾರು ಎಂದು ಒಮ್ಮೆ ಬಾಯಿಬಿಟ್ಟು ಹೇಳಿಬಿಡುತ್ತೇನೆ, ಆಮೇಲೆ ಬೈಯುವುದು ಸಲೀಸು. ನಿನಗೆ ಹನ್ನೊಂದು ವರ್ಷವಾಗಿದ್ದಾಗ ನಿನ್ನ ಅಪ್ಪ ಲೋವ್ರೊ ನಿನ್ನನ್ನು ಯೂನಿಯನ್ ಹಾಲಿಗೆ ಕರೆದುಕೊಂಡು ಹೋಗಿ ಬೆಂಚಿನ ಮೇಲೆ ನಿಲ್ಲಿಸಿದ. ಕಂಪನಿಯಿಂದ ಇಂಗ್ಲಿಷಿನಲ್ಲಿ ಕಾಗದ ಬಂದಿತ್ತು. ಗುದ್ದಲಿ ಹಿಡಿದ ಅಷ್ಟು ಜನರಲ್ಲಿ ಅದನ್ನು ನೆಟ್ಟಗೆ ಓದಬಲ್ಲವರು ಯಾರೂ ಇರಲಿಲ್ಲ. ನೀನು ಓದಿದೆ. ಓದಿ, ಯಾರೂ ಕೇಳದಿದ್ದರೂ, ಮೂರನೇ ಪ್ಯಾರದಲ್ಲಿ ಹೇಳಿದ್ದನ್ನು ಐದನೇ ಪ್ಯಾರದಲ್ಲಿ ಕಿತ್ತುಕೊಂಡಿದ್ದಾರೆ ಅಂದೆ. ಹಾಲಿಗೆ ಹಾಲೇ ನಕ್ಕಿತು. ನಿನ್ನ ಅಪ್ಪ ಮನೆಗೆ ಬಂದು, “ಯೆರಾ, ಈ ಹುಡುಗೀನ ಅಡಿಗೆ ಮನೇಲಿ ಹಾಳು ಮಾಡ್ಬೇಡ” ಅಂದ. ನಾನೇನು ಹಾಳು ಮಾಡಿದೆ? ಇಪ್ಪತ್ತೆರಡು ವರ್ಷ ಶಾಲೆಯ ಅಡಿಗೆ ಮನೆಯಲ್ಲಿ ನಾನು ಆಲೂಗಡ್ಡೆ ಸುಲಿದೆ, ನೀನು ಒಂದನ್ನೂ ಸುಲಿಯಲಿಲ್ಲ.

ಕಾನೂನು ಕಾಲೇಜಿನಲ್ಲಿ ನೂರ ನಲವತ್ತು ಗಂಡಸರ ನಡುವೆ ನೀವು ನಾಲ್ಕು ಜನ ಹುಡುಗಿಯರು. ಒಬ್ಬ ಪ್ರೊಫೆಸರು ತರಗತಿಯಲ್ಲೇ, “ನೀನು ಒಬ್ಬ ಗಂಡಸಿನ ಅನ್ನ ಕಿತ್ಕೊಂಡು ಇಲ್ಲಿ ಕೂತಿದ್ದೀಯ” ಅಂದನೆಂದು ಬರೆದಿದ್ದೆ. ಆ ಪತ್ರ ಓದಿ ನಾನು ಬಸ್ಸು ಹತ್ತಲು ಕೋಟು ಹಾಕಿಕೊಂಡಿದ್ದೆ, ಅವನಿಗೆ ನಾಲ್ಕು ಮಾತು ಹೇಳಿ ಬರೋಣ ಅಂತ. ನಿನ್ನ ಅಪ್ಪ ತಡೆದ. ಪಾಸಾಗಿ ಬಂದಾಗ ರಾಜಧಾನಿಯ ದೊಡ್ಡ ವಕೀಲರೆಲ್ಲ ನಿನಗೆ ಕೊಡಲು ಬಂದದ್ದು ಟೈಪಿಸ್ಟ್ ಕೆಲಸ. ಊರಿಗೆ ಬಂದು ಸರ್ಕಾರಿ ವಕೀಲರ ಕಚೇರಿಯಲ್ಲಿ ಸೇರಿದೆ. ಗಂಡ ಬಿಟ್ಟುಹೋದ ಹೆಂಗಸರ ಜೀವನಾಂಶದ ಕೇಸುಗಳು ಬಿಟ್ಟರೆ ಹನ್ನೊಂದು ವರ್ಷ ಬೇರೇನೂ ಕೊಡಲಿಲ್ಲ. ಅದನ್ನೇ ಹಿಡಿದು ಓಡಿಹೋದ ಗಂಡಸರನ್ನೆಲ್ಲ ಕೋರ್ಟಿಗೆ ಎಳೆದು ತಂದೆ. ಅರ್ಧ ಜಿಲ್ಲೆಯ ಹೆಂಗಸರಿಗೆ ನಿನ್ನ ಹೆಸರು ಗೊತ್ತಾದದ್ದು ಹಾಗೆ. ಆದ್ದರಿಂದಲೇ ಜಿಲ್ಲಾ ನ್ಯಾಯಾಧೀಶರ ಚುನಾವಣೆಗೆ ನಿಲ್ಲುತ್ತೇನೆಂದು ನೀನು ಅಂದಾಗ ಲೈನಿನಲ್ಲಿ ಯಾರೂ ನಗಲಿಲ್ಲ. ಅಪ್ಪ ತೀರಿಹೋಗಿ ಆಗ ವರ್ಷವೂ ಆಗಿರಲಿಲ್ಲ. ನಾನು ಕಪ್ಪು ಬಟ್ಟೆಯಲ್ಲೇ ಅಕ್ರೋಟು ತುಂಬಿದ ಸಿಹಿರೊಟ್ಟಿ ಪೊಟಿಟ್ಸಾ ಸುತ್ತಿ, ಬೇಯಿಸಿ, ಕೊಯ್ದು, ಮನೆಮನೆಗೆ ಹಂಚಿದೆ. ಪಕ್ಕದ ಮನೆಯ ನೇಜಾ ತನ್ನ ಕೋಳಿಗೂಡಿನ ಹಲಗೆ ಕಿತ್ತು ನಿನ್ನ ಹೆಸರು ಬರೆದು ರಸ್ತೆಯುದ್ದಕ್ಕೂ ನೆಟ್ಟಳು. ನಲವತ್ತೊಂದು ಮನೆಯೂ ನಿನಗೇ ಮತ ಹಾಕಿತು. ನೀನು ಗೆದ್ದೆ.

ಗೆದ್ದ ಮೇಲೆ ಒಂದೊಂದಾಗಿ ನಮ್ಮನ್ನು ಬಿಡುತ್ತ ಬಂದೆ. ಮೊದಲು ಯೂನಿಯನ್ ಪಿಕ್ನಿಕ್ಕಿಗೆ ಬರುವುದು ನಿಂತಿತು. ಆಮೇಲೆ ನೇಜಾಳ ಮನೆಯಲ್ಲಿ ಇಸ್ಪೀಟಿಗೆ ಕೂರುವುದು ನಿಂತಿತು, ಯಾಕೆಂದರೆ ಅವಳ ಮಗ ಕುಡಿದು ಟ್ರಕ್ಕನ್ನು ಬೇರೊಬ್ಬರ ಮೇಲೆ ಹತ್ತಿಸಿದ ಕೇಸು ನಿನ್ನ ಮುಂದೆ ಬರುವುದಿತ್ತು. ನೀನು ಅವನಿಗೆ ಆರು ತಿಂಗಳು ಜೈಲು ಹಾಕಿದೆ. ಅವನು ತಪ್ಪು ಮಾಡಿದ್ದ, ಸರಿ. ಆದರೆ ಆ ಸಂಜೆ ಬೇಲಿಯ ಆಚೆ ನೇಜಾ ಬಟ್ಟೆ ಒಣಹಾಕುತ್ತಿದ್ದಾಗ ಈಚೆ ನಿಂತದ್ದು ನಾನು, ನೀನಲ್ಲ. ಊಟಕ್ಕೆ ಕೂತಾಗಲೂ ನೀನು ಮಾತಾಡುವುದು ಹವಾಮಾನ ಮತ್ತು ಹವಾಮಾನ ಎಂಬಂತಾಯಿತು. ಜಡ್ಜಾದವಳು ಹಾಗಿರಬೇಕಂತೆ, ನಾನೂ ಒಪ್ಪಿಕೊಂಡೆ. ಗವರ್ನರು ಕರೆದು ರಾಜ್ಯದ ಸುಪ್ರೀಂ ಕೋರ್ಟಿಗೆ ನಿನ್ನನ್ನು ನೇಮಿಸಿದ ದಿನ ಬೈಬಲ್ ಹಿಡಿದು ನಿನ್ನೆದುರು ನಿಂತಿದ್ದೆ. ಏಳು ಕುರ್ಚಿಗಳಲ್ಲಿ ಒಬ್ಬಳೇ ಹೆಂಗಸು. ಗಣಿಯ ಕೆಂಪು ಧೂಳನ್ನು ಬಟ್ಟೆಯಿಂದ ಒಗೆದು ತೆಗೆಯುವುದು ಎಂದರೇನು ಎಂದು ತಿಳಿದವಳೂ ನೀನೊಬ್ಬಳೇ. ಅದಕ್ಕೇ ಅಲ್ಲವೇ ಇಷ್ಟೆಲ್ಲ ಮಾಡಿದ್ದು? ಎಂದಾದರೂ ಒಂದು ದಿನ ನಮ್ಮ ಮಾತು ಅಲ್ಲಿಗೆ ಹೋದರೆ, ಅದು ಏನೆಂದು ಅರ್ಥವಾಗುವವರು ಒಬ್ಬರಾದರೂ ಕೂತಿರಲಿ ಎಂದು?

ಆ ದಿನ ಬಂತು. ಲೈನಿನ ಕ್ರಯಪತ್ರಗಳನ್ನು ನಿನಗೆ ನಾನು ಹೇಳಿಕೊಡಬೇಕಾಗಿಲ್ಲ, ಹದಿಮೂರನೇ ವಯಸ್ಸಿಗೇ ನಮ್ಮದನ್ನು ಓದಿ ನಿನ್ನ ಅಪ್ಪನಿಗೆ ಹೇಳಿದ್ದೆ: ಮೇಲಿನ ಮಣ್ಣು ಮಾತ್ರ ನಮ್ಮದು, ಕೆಳಗಿನ ಕಬ್ಬಿಣ ಕಂಪನಿಯದು, ಬೇಕೆಂದಾಗ ಬಂದು ತೆಗೆದುಕೊಳ್ಳಬಹುದು. ಅಪ್ಪ, “ಮನೆ ಇದೆಯಲ್ಲ ಮೇಲೆ, ಅದನ್ನ ಏನು ಮಾಡ್ತಾರೆ?” ಎಂದು ಕೇಳಿದ. ಏನು ಮಾಡುತ್ತಾರೆ ಎಂದು ಎರಡು ವರ್ಷದ ಹಿಂದೆ ನೋಟೀಸು ಬಂದಾಗ ಗೊತ್ತಾಯಿತು. ಅಷ್ಟು ಹಳೆಯ ಷರತ್ತು ಈಗಲೂ ನಡೆಯುತ್ತದೆಯೇ ಎಂದು ಎಲ್ಲರೂ ಸೇರಿ ದಾವೆ ಹೂಡಿದೆವು. ಪಟ್ಟಿಯ ತಲೆಯಲ್ಲಿ ನನ್ನ ಹೆಸರನ್ನೇ ಹಾಕಿದರು. ‘ಸ್ತ್ರುಕೆಲ್ ಮತ್ತು ಇತರರು.’ ನನಗೆ ಹೆಮ್ಮೆಯಾಗಿತ್ತು. ಜಿಲ್ಲಾ ಕೋರ್ಟಿನಲ್ಲಿ ಸೋತೆವು, ಮೇಲ್ಮನವಿ ಹಾಕಿದೆವು.

ಕಳೆದ ಸೆಪ್ಟೆಂಬರಿನಲ್ಲಿ ನಿಸ್ಕಾ ನಮ್ಮ ಅಡಿಗೆ ಮನೆಯಲ್ಲಿ ಕೂತು ಕಾಫಿ ಕುಡಿಯುತ್ತ ಬೆರಳು ಮಡಿಸಿದ. ಮೂವರು ನಮ್ಮ ಕಡೆ ಬರಬಹುದು, ಮೂವರು ಬರುವುದಿಲ್ಲ. “ಏಳನೆಯವಳು ನಿಮ್ಮ ಮಗಳು. ಆದ್ರೆ ನಿಮ್ಮ ಹೆಸರು ಕಾಗದದಲ್ಲಿ ಇರೋವರೆಗೂ ಅವಳು ಕೂರೋ ಹಾಗಿಲ್ಲ ಯೆರಾ ಅಮ್ಮ. ತಾಯಿ ಕೇಸು ಮಗಳು ಕೇಳೋಕಾಗುತ್ತಾ?” ಅವನು ಏನನ್ನೂ ಮಾಡು ಎಂದು ಹೇಳಲಿಲ್ಲ. ಅವನ ಮೇಲೆ ತಪ್ಪು ಹಾಕಬೇಡ. ಯೋಚನೆ ಮಾಡಿದವಳು ನಾನು, ಒಂದು ವಾರ ಮಾಡಿದೆ. ಅಕ್ಟೋಬರ್ ಎರಡರಂದು ಕಂಪನಿಯ ಆಫೀಸಿಗೆ ಹೋಗಿ ಮನೆ ಮಾರಿದೆ. ಲೈನಿನಲ್ಲಿ ಮಾರಿದ ಮೊದಲನೆಯವಳು. ನಿನ್ನ ಅಪ್ಪ ಕೊನೆಯುಸಿರು ಬಿಟ್ಟ ಮನೆ, ನೀನು ಹುಟ್ಟಿ ಮೂರು ವರ್ಷಕ್ಕೆ ನಾವು ಕಾಲಿಟ್ಟ ಮನೆ. ಆಫೀಸಿನ ಹುಡುಗಿ ನನಗೆ ಪೆನ್ನು ಕೊಟ್ಟು, “ಒಳ್ಳೇ ಕೆಲಸ ಮಾಡಿದ್ರಿ ಅಜ್ಜಿ” ಅಂದಳು. ಆ ಮಾತನ್ನು ಸಾಯುವ ತನಕ ಮರೆಯಲಾರೆ.

ಯಾರಿಗೂ ಹೇಳಲಿಲ್ಲ, ಮಾಲ್ಚಿ. ನಿಸ್ಕಾನಿಗೂ ಹೇಳಲಿಲ್ಲ. ಹೇಳಿದರೆ ಕೆಲಸ ಕೆಡುತ್ತದೆ ಎಂಬಷ್ಟು ಕಾನೂನು ನಿನ್ನನ್ನು ಸಾಕಿದ್ದರಿಂದ ನನಗೂ ಗೊತ್ತಿತ್ತು. ಸಾಮಾನು ಸಾಗಿಸುವ ದಿನ ಕೈ ಹಚ್ಚಲು ಒಬ್ಬರೂ ಬರಲಿಲ್ಲ. ನೇಜಾ ಮಾತ್ರ ಬೇಲಿಯ ಹತ್ತಿರ ನಿಂತು, “ಲೋವ್ರೊ ಇದ್ದಿದ್ರೆ ನಿನ್ನ ಕೈ ಮುರೀತಿದ್ದ ಕಣೇ” ಅಂದು ಒಳಗೆ ಹೋದಳು. ಚರ್ಚಿನಲ್ಲಿ ನಾನು ಕೂತ ಬೆಂಚು ನನಗೊಬ್ಬಳಿಗೇ. ಅಂಗಡಿಯಲ್ಲಿ ಕ್ಯೂ ನಿಂತರೆ ಮುಂದಿದ್ದವರು ಬೆನ್ನು ತಿರುಗಿಸಿಯೇ ಇರುತ್ತಿದ್ದರು. ಆರು ತಿಂಗಳು. ನಲವತ್ತು ಮನೆಗಳಿಗೆ ನಾನು ಕಂಪನಿಯ ಹೆಂಗಸಾದೆ. ನನ್ನ ಮಗಳು ಕೂರುತ್ತಾಳೆ, ಆಮೇಲೆ ಇವರೆಲ್ಲ ತಮ್ಮ ಮನೆಯಲ್ಲೇ ಇರುತ್ತಾರೆ, ಬೈದರೆ ಬೈಯಲಿ ಎಂದು ನುಂಗಿಕೊಂಡೆ.

ನುಂಗಿಕೊಳ್ಳಲಾಗದೆ ಬಾಯಿಬಿಟ್ಟದ್ದು ಒಂದೇ ಸಲ. ಕೆಳಗಿನ ಬೇಕರಿಯ ಫೋನಿನಿಂದ ನಿನಗೆ ಮಾಡಿದೆ. ಮನೆ ಮಾರಿದೆ, ಪಟ್ಟಿಯಿಂದ ಹೆಸರು ತೆಗೆಸಿದೆ, ಇನ್ನು ನಿನ್ನ ಕೈ ಕಟ್ಟಿಹಾಕುವುದು ಏನೂ ಇಲ್ಲ ಅಂದೆ. ನೀನು, “ಅಮ್ಮಾ, ಇದನ್ನ ನನಗೆ ಯಾಕೆ ಹೇಳಿದೆ?” ಅಂದೆ. ನಿನಗಲ್ಲದೆ ಇನ್ನಾರಿಗೆ ಹೇಳಲಿ? ಕ್ರಿಸ್ಮಸ್‌ಗೆ ಬಂದಾಗಲೂ ನೀನು ಅದರ ಬಗ್ಗೆ ತುಟಿ ಎರಡು ಮಾಡಲಿಲ್ಲ. ಹಿಮದ ಮಾತಾಡಿದೆ. ಈ ಕೋಣೆಯ ಕಿಟಕಿಗೆ ಬಟ್ಟೆ ತುರುಕಿ ಗಾಳಿ ತಡೆದೆ. ಮಗಳು ಎಲ್ಲ ಸರಿಯಾಗಿಯೇ ಮಾಡುತ್ತಾಳೆ, ಮಾತಾಡಬಾರದೆಂದು ಮಾತಾಡುತ್ತಿಲ್ಲ ಎಂದು ನಾನು ಒಳಗೊಳಗೇ ಖುಷಿಪಟ್ಟೆ. ನಾನೆಂಥ ದಡ್ಡಿ!

ಜನವರಿಯಲ್ಲಿ ವಿಚಾರಣೆಗೆ ನಾನೂ ಬಸ್ಸು ಹತ್ತಿದೆ. ಲೈನಿನವರೆಲ್ಲ ಮುಂದಿನ ಸೀಟುಗಳಲ್ಲಿ, ನಾನು ಕೊನೆಯಲ್ಲಿ ಡ್ರಮ್ಮಿನಷ್ಟು ದಪ್ಪದ ಒಬ್ಬ ಗೊರಕೆಯವನ ಪಕ್ಕ. ಕೋರ್ಟಿನಲ್ಲೂ ಹಾಗೇ, ಅವರು ನಡುವೆ, ನಾನು ಹಿಂದೆ. ಪರದೆ ಸರಿಯಿತು, ಕರಿಯ ಗೌನಿನವರು ಒಬ್ಬೊಬ್ಬರಾಗಿ ಬಂದು ಕೂತರು. ನಾನು ಎಣಿಸುತ್ತಿದ್ದೆ. ಆರು. ಬಲಗಡೆಯ ಕೊನೆಯ ಕುರ್ಚಿ ಹಾಗೇ ಉಳಿಯಿತು. ಮುಖ್ಯ ನ್ಯಾಯಮೂರ್ತಿ ಮೂಗಿನ ಮೇಲೆ ಕನ್ನಡಕ ಏರಿಸಿಕೊಂಡು, ನ್ಯಾಯಮೂರ್ತಿ ಸ್ತ್ರುಕೆಲ್ ಈ ಮೊಕದ್ದಮೆಯಿಂದ ಹಿಂದೆ ಸರಿದಿದ್ದಾರೆ ಎಂದು ತರಕಾರಿಯ ಬೆಲೆ ಹೇಳುವ ಹಾಗೆ ಹೇಳಿದ. ನಿಸ್ಕಾ ತಿರುಗಿ ನನ್ನನ್ನು ನೋಡಿದ. ಮನೆಯೂ ಹೋಯಿತು, ನೀನೂ ಬರಲಿಲ್ಲ.

ಬಸ್ ನಿಲ್ದಾಣಕ್ಕೆ ನೀನು ಬಂದೆ, ಗೌನು ಬಿಚ್ಚಿ ಆ ಹಳೆಯ ಬೂದು ಕೋಟಿನಲ್ಲಿ. ಊಟ ಮಾಡಿಕೊಂಡು ಹೋಗು ಅಂದೆ. ನಾನು ಹಸಿವಿಲ್ಲ ಅಂದೆ. ಆಮೇಲೆ ನೀನು ಆಡಿದ ಮಾತನ್ನು ನಾನು ಅಕ್ಷರ ಬಿಡದೆ ಹೇಳಬಲ್ಲೆ: “ನಿನ್ನ ಹೆಸರು ಇಲ್ದೇ ಇದ್ರೂ, ಆ ಲೈನು ಅಂದ್ರೆ ನನ್ನ ಎದೆ ಹೊಡ್ಕೊಳ್ಳುತ್ತಮ್ಮ. ಅದನ್ನ ಇಟ್ಕೊಂಡು ಹ್ಯಾಗೆ ಕೂರಲಿ? ಅದೂ ನೀನು ಯಾಕೆ ಮಾರಿದೆ ಅಂತ ಗೊತ್ತಾದ ಮೇಲೆ?” ಎದೆ ಹೊಡೆದುಕೊಳ್ಳದವರೇ ಕೂರಬೇಕು ಅಂತ ಯಾವ ಪುಸ್ತಕದಲ್ಲಿದೆ ಎಂದು ನಾನು ಕೇಳಿದೆ. ಅಷ್ಟರಲ್ಲಿ ಬಸ್ಸು ಬಂತು. ಈಗ ಮತ್ತೆ ಕೇಳುತ್ತೇನೆ. ಆ ಆರು ಜನರಲ್ಲಿ ಒಬ್ಬ ಇಪ್ಪತ್ತು ವರ್ಷ ಗಣಿ ಮಾಲೀಕರ ವಕೀಲನಾಗಿದ್ದವನು. ಕಂಪನಿ ಬೇರೆ ಇರಬಹುದು, ಗಣಿ ಗಣಿಯೇ. ಅವನ ಎದೆ ಹೊಡೆದುಕೊಳ್ಳಲಿಲ್ಲ, ಅವನು ಕೂತ. ಇನ್ನೊಬ್ಬ ಬಾಡಿಗೆ ಮನೆಯನ್ನೇ ಕಾಣದೆ ಬೆಳೆದವನು, ಅವನೂ ಕೂತ. ಅವರಿಗೆ ಏನೂ ಅನ್ನಿಸದಿರುವುದು ನ್ಯಾಯ, ನಿನಗೆ ಅನ್ನಿಸುವುದು ಅನ್ಯಾಯವೇ? ಹಾಗಾದರೆ ನಮ್ಮಂಥವರ ಮಕ್ಕಳು ಓದಿ ಅಲ್ಲಿಗೆ ಹೋಗಿ ಏನು ಉಪಯೋಗ? ನಮ್ಮದು ಬಂದಾಗಲೆಲ್ಲ ಎದ್ದು ಹೋಗಲಿಕ್ಕೇ?

ಇಷ್ಟು ಬರೆದು ಅಂಚೆಗೆ ಹಾಕಬೇಕೆಂದಿದ್ದೆ. ನಿನ್ನೆ ಒಂದು ಸಂಗತಿ ನಡೆಯಿತು, ಬರೆಯದಿದ್ದರೆ ಮೋಸವಾಗುತ್ತದೆ. ಪೂಜೆ ಮುಗಿದು ಚರ್ಚಿನ ನೆಲಮಾಳಿಗೆಯಲ್ಲಿ ಕಾಫಿ ಕುಡಿಯುತ್ತಿದ್ದೆ, ಎಂದಿನಂತೆ ಒಬ್ಬಳೇ. ನೇಜಾ ಬಂದು ನನ್ನೆದುರು ಕುರ್ಚಿ ಎಳೆದು ಕೂತಳು. ಆರು ತಿಂಗಳ ನಂತರ. ತನ್ನ ತಟ್ಟೆಯಲ್ಲಿದ್ದ ಕೇಕಿನ ಅರ್ಧವನ್ನು ನನ್ನ ತಟ್ಟೆಗೆ ಹಾಕಿ, “ನೀನು ಯಾಕೆ ಮಾರಿದೆ ಅಂತ ನಿಸ್ಕಾಗೆ ಈಗ ಹೊಳೀತಂತೆ. ನಿಜಾನಾ?” ಅಂದಳು. ಹೌದು ಅಂದೆ.

“ಕತ್ತೆ! ನನಗೆ ಹೇಳ್ಬಾರ್ದಿತ್ತೇನೇ?”

“ಹೇಳಿದ್ರೆ ಏನು ಮಾಡ್ತಿದ್ದೆ?”

“ಬೇಡ ಅಂತಿದ್ದೆ. ಯೆರಾ, ತಮ್ಮ ಕಡೆಯ ಜಡ್ಜನ್ನ ಕೂರಿಸೋಕೆ ಕಂಪನಿಯವರು ಹೀಗೇ ಒಂದು ಕಾಗದ ಆಚೆ ಈಚೆ ಮಾಡಿದ್ರು ಅಂದ್ಕೋ. ನಾವು ಅವರ ಆಫೀಸಿನ ಗಾಜು ಉಳಿಸ್ತಿದ್ವಾ?”

ನಾನು ಕೇಕು ತಿಂದೆ. ಅವಳು ಮುಂದುವರಿದಳು: “ನನ್ನ ಮಗನಿಗೆ ಆರು ತಿಂಗಳು ಹಾಕಿದ ದಿನ ನಿನ್ನ ಮಗಳು ನನ್ನ ಮುಖ ನೋಡ್ಲಿಲ್ಲ. ಆವತ್ತು ಅವಳಿಗೆ ಬೇಕಾದಷ್ಟು ಶಾಪ ಹಾಕಿದೆ. ಈಗ ನೋಡು, ನಿನ್ನ ಮುಖಾನೂ ನೋಡ್ಲಿಲ್ಲ. ಅಂದ್ರೆ ನನ್ನ ಮೇಲಿನ ದ್ವೇಷಕ್ಕೆ ಮಾಡಿದ್ದಲ್ಲ ಅದು. ಹತ್ತು ವರ್ಷದ ಮೇಲೆ ನನ್ನ ಮನಸ್ಸು ಹಗುರಾಯ್ತು.” ತನ್ನ ಮನೆ ಹೋಗುತ್ತಿದೆ, ಜೂನಿನ ಮೇಲೆ ಮಗನ ಟ್ರೈಲರಿನಲ್ಲಿ ಒಂದು ಮೂಲೆ ಸಿಗುತ್ತದೆ ಅವಳಿಗೆ, ಆ ಹೆಂಗಸು ಕೂತು ನನಗೆ ಇದನ್ನು ಹೇಳುತ್ತಿದ್ದಾಳೆ! ಅವಳ ಮೇಲೂ ಸಿಟ್ಟು ಬಂತು. ಆರು ತಿಂಗಳು ನನ್ನ ಜೊತೆ ಮಾತು ಬಿಟ್ಟವಳು, ಮಾತು ಶುರು ಮಾಡಿದ ಮೇಲೆ ನನ್ನ ಕಡೆ ನಿಲ್ಲುವುದು ಬಿಟ್ಟು ನಿನ್ನ ಕಡೆ ನಿಂತಳು.

ಅವಳ ಹೃದಯ ದೊಡ್ಡದು, ನನ್ನದು ಅಷ್ಟು ದೊಡ್ಡದಲ್ಲ. ನೀನು ಮಾಡಿದ್ದು ತಪ್ಪು ಎಂದು ಕಾಗದದ ಮೇಲೆ ಬರೆಯಲು ನಿನ್ನೆಯಿಂದ ಮಾತು ಹುಡುಕುತ್ತಿದ್ದೇನೆ, ಸಿಗುತ್ತಿಲ್ಲ. ಸಿಕ್ಕಿದ್ದರೆ ಬೈದು ಮುಗಿಸಿ ತಣ್ಣಗಾಗುತ್ತಿದ್ದೆ. ಸಿಗದಿರುವುದರಿಂದ ಸಿಟ್ಟು ಒಳಗೇ ಉಳಿದಿದೆ. ನೀನು ಸರಿ ಇರಬಹುದು. ನಲವತ್ತು ಸಂಸಾರ ಬೀದಿಗೆ ಬಂದದ್ದೂ ಸರಿಯೇ? ಎರಡೂ ಹೇಗೆ ಸರಿಯಾಗುತ್ತದೆ ಎಂದು ನಿನ್ನ ಪುಸ್ತಕಗಳಲ್ಲಿ ಬರೆದಿದ್ದರೆ ಹುಡುಕಿ ಹೇಳು. ಮುಂದಿನ ವರ್ಷ ಕುರ್ಚಿ ಉಳಿಸಿಕೊಳ್ಳಲು ನೀನು ಇಡೀ ರಾಜ್ಯದ ಮುಂದೆ ಚುನಾವಣೆಗೆ ನಿಲ್ಲಬೇಕಂತೆ. ಆಗ ನಿನಗಾಗಿ ಹಲಗೆ ನೆಡಲು ಉತ್ತರ ಲೈನು ಇರುವುದಿಲ್ಲ. ನಾನು ಮತ ಹಾಕುತ್ತೇನೆ. ಯಾರಿಗೆ ಎಂದು ಹೇಳುವುದಿಲ್ಲ, ಅದು ಗುಟ್ಟಿನ ಮತದಾನ, ಕಾನೂನು ನಿನಗೆ ಗೊತ್ತು.

ದೇವರು ನಿನ್ನ ಹೊಟ್ಟೆಯನ್ನು ನೆಟ್ಟಗೆ ಇಟ್ಟಿರಲಿ. ಸಿಟ್ಟಿನಲ್ಲಿದ್ದರೂ ಹರಸುವ ಕೆಲಸ ನನ್ನದೇ, ಬೇರೆ ಯಾರೂ ಮಾಡುವುದಿಲ್ಲ. ನೇಜಾ ನಿನ್ನನ್ನು ಕೇಳಿದಳೆಂದು ತಿಳಿಸಲು ಹೇಳಿದ್ದಾಳೆ, ತಿಳಿಸಿದ್ದೇನೆ.

ನಿನ್ನ ಅಮ್ಮ,
ಯೆರಾ

ಮರೆತ ಮಾತು: ಅಂಚೆಯವನು ಕೆಳಗೆ ಬಂದಿದ್ದಾನೆ, ಬೇಗ ಬರೆಯುತ್ತೇನೆ. ಲೈನಿನ ಹಿಂದಿನ ಸ್ಮಶಾನವೂ ಗಣಿಗೆ ಹೋಗುತ್ತದೆ. ಹಿಮ ಕರಗಿ ಮಣ್ಣು ಮೆತ್ತಗಾಗಿದೆಯೆಂದು ಮೇ ಏಳು ಸೋಮವಾರ ಬೆಳಿಗ್ಗೆ ಹತ್ತಕ್ಕೆ ನಿನ್ನ ಅಪ್ಪನನ್ನು ಎತ್ತಿ ಹೊಸ ಜಾಗಕ್ಕೆ ಒಯ್ಯುತ್ತಾರೆ. ಮನೆಯವರು ಪಕ್ಕದಲ್ಲಿ ನಿಂತು ಗುರುತು ಹೇಳಿ ಸಹಿ ಮಾಡಬೇಕಂತೆ. ನನ್ನೊಬ್ಬಳ ಕೈಯಲ್ಲಿ ಆಗುವುದಿಲ್ಲ ಮಾಲ್ಚಿ. ಇದರಿಂದ ನೀನು ಹಿಂದೆ ಸರಿಯುವ ಹಾಗಿಲ್ಲ. ಭಾನುವಾರವೇ ಬಂದುಬಿಡು. ಹಾಸಿಗೆ ಒಂದೇ ಇದೆ, ಗೋಡೆಯ ಕಡೆ ನೀನು ಮಲಗು.